ಬುಧ ಸೂರ್ಯನನ್ನು ದಾಟಿದ ದಿನ

ಸಾವಿರದ ಒಂಬೈನೂರ ಇಪ್ಪತ್ತರ ದಶಕದ ಕೊನೆಗೆ ನಾನು ಧಾರವಾಡದಲ್ಲಿ ಹೈಸ್ಕೂಲು ಓದುತ್ತಿದ್ದೆ. ನವೆಂಬರಿನಲ್ಲೊಂದು ದಿನ ಬುಧಗ್ರಹ ಸೂರ್ಯನ ಮುಂದೆ ಹಾದುಹೋಗುವುದಿತ್ತು. ನಮ್ಮ ವಿಜ್ಞಾನದ ಮಾಸ್ತರರ ಹತ್ತಿರ ಹಿತ್ತಾಳೆಯ ದುರ್ಬೀನಿತ್ತು. ಅದರಿಂದ ಸೂರ್ಯನ ಬಿಂಬವನ್ನು ಬಿಳಿ ಕಾಗದದ ಮೇಲೆ ಬೀಳಿಸಿ, ಬುಧ ಅಂಚು ದಾಟುವ ಗಳಿಗೆಯನ್ನು ಬರೆದಿಡಬೇಕೆಂದರು. ನೋಡುವ ಕೆಲಸ ನನ್ನ ಬೆಂಚಿನ ಗೆಳೆಯನಿಗೆ. ಗರಗದ ನೇಕಾರರ ಮಗ. ತಪ್ಪಿದ ಎಳೆಯನ್ನು ಮಾರು ದೂರದಿಂದ ಗುರುತಿಸುವ ಕಣ್ಣು ಅವನದು. ವೇಳೆ ಸರಿಬಂದರೆ ಅವನ ಹೆಸರು ಬರೆದು ಮುಂಬೈಯ ವೇಧಶಾಲೆಗೆ ಕಳಿಸುವೆನೆಂದು ಮಾಸ್ತರರು ಮಾತು ಕೊಟ್ಟಿದ್ದರು. ಹಿಂದಿನ ದಿನವೇ ಅವನು ಖಾದಿ ಅಂಗಿ ಒಗೆದು ಒಣಗಿಸಿಕೊಂಡಿದ್ದ.

ಬೆಳಿಗ್ಗೆ ಸ್ಟೇಷನ್ನಿಗೆ ಹೋಗಿ, ಮಾಸ್ತರರ ಕಿಸೆಗಡಿಯಾರವನ್ನು ರೈಲ್ವೆ ಗಡಿಯಾರಕ್ಕೆ ಸರಿಹೊಂದಿಸಿ ತರುವುದಷ್ಟೇ ನನ್ನ ಕೆಲಸ. ಸ್ಟೇಷನ್ ಹತ್ತಿರದ ಚಹಾದಂಗಡಿಯಲ್ಲಿ ಮಿರ್ಚಿ ಭಜಿ ಕರಿಯುತ್ತಿದ್ದರು. ಅಲ್ಲೇ ಕೂತು ತಿಂದೆ. ಆ ಅಂಗಡಿಯ ಗೋಡೆಯ ಮೇಲಿನ ಗಡಿಯಾರವನ್ನೇ ನೋಡಿ ಮುಳ್ಳು ತಿರುಗಿಸಿ ಬಂದುಬಿಟ್ಟೆ.

ಆ ಬಿಂಬ ಇಂದಿಗೂ ಕಣ್ಣಲ್ಲಿದೆ. ಊಟದ ತಟ್ಟೆಯಷ್ಟು ಬೆಳಕು, ಅದರಲ್ಲಿ ಸಾಸಿವೆಗಿಂತ ಸಣ್ಣ ಕಪ್ಪು ಚುಕ್ಕೆ.

"ಇದೇನೋ, ನುಸಿ ಕೂತಂಗ ಐತಿ" ಅಂದೆ.

"ಸರಿ ಅತ್ತಾಗ. ನಿನ್ನ ಭಜಿ ವಾಸನಿಗೆ ಹಾರಿ ಹೋದೀತು" ಎಂದ ಗೆಳೆಯ, ಕಾಗದದಿಂದ ಕಣ್ಣು ಕೀಳದೆ.

ಮಧ್ಯಾಹ್ನ ಚುಕ್ಕೆ ಅಂಚಿಗೆ ತಾಗಿ, ನಿಧಾನಕ್ಕೆ ಕರಗಿತು. "ಹೋತ್ರಿ ಸರ!" ಎಂದು ಅವನು ಕೂಗಿದ. ಮಾಸ್ತರರು ಗಡಿಯಾರ ನೋಡಿ ಬರೆದುಕೊಂಡು, ಪುಸ್ತಕದಲ್ಲಿ ಅಚ್ಚಾಗಿದ್ದ ವೇಳೆಗೆ ಹೋಲಿಸಿದರು. ನಾಲ್ಕು ನಿಮಿಷ ತಡವಾಗಿತ್ತು.

"ನಿದ್ದಿ ಹೊಡದ್ಯೇನಲೇ?"

"ಇಲ್ರಿ ಸರ, ಕಣ್ಣ ಸೈತ ಮಿಟಕಿಸಿಲ್ರಿ. ಗಡಿಯಾರ ಏನರ..."

ಮಾಸ್ತರರು ನನ್ನತ್ತ ತಿರುಗಿದರು. "ಸ್ಟೇಷನ್ನಿಗೆ ಹೋಗಿದ್ದಿಲ್ಲೋ?"

"ಹೋಗಿದ್ದೆರಿ."

ಕಾಗದ ಮುಂಬೈಗೆ ಹೋಗಲಿಲ್ಲ. ಸಂಜೆ ಆ ಅಂಗಡಿಗೆ ಓಡಿದೆ. ಗಡಿಯಾರ ಸರಿ ಇದೆಯೇ ಎಂದು ಕೇಳಿದೆ. ಅಂಗಡಿಯವನು ನಕ್ಕ: "ಗಿರಾಕಿಗೆ ಗಾಡಿ ತಪ್ಪಬಾರದಂತ ನಾವ ನಾಕು ಮಿನಿಟ ಮುಂದ ಇಟ್ಟೇವಿ, ತಮ್ಮಾ."

ಮರುದಿನ ಹೇಳಿಬಿಡಬೇಕೆಂದು ಸಾಲೆಗೆ ಹೋದೆ. ನಾನು ಬಾಯಿ ತೆರೆಯುವ ಮೊದಲೇ ಮಾಸ್ತರರು, "ಇನ್ನಮ್ಯಾಲೆ ದುರ್ಬೀನಿನ ಕಡೆ ನೀ ಕೂಡು" ಎಂದರು. ಗೆಳೆಯ ಎದ್ದು ಜಾಗ ಬಿಟ್ಟ. ನಾನು ಕೂತೆ.

ಮನೆಗೆ ಹೋಗುವಾಗ ಅವನು ಮೆಲ್ಲಗೆ ಕೇಳಿದ: "ನನ್ನ ಕಣ್ಣ ಖರೇನ ತಪ್ಪಿತೇನೋ?"

"ತಪ್ಪಿರಬೇಕು" ಅಂದೆ.

ಮುಂದೆ ಅವನು ದುರ್ಬೀನಿನ ಹತ್ತಿರ ಸುಳಿಯಲೇ ಇಲ್ಲ. ಈಗ ಮಾಸ್ತರರಿಲ್ಲ, ಅವನೂ ಇಲ್ಲ. ಅವನ ಕಣ್ಣು ತಪ್ಪಿರಲಿಲ್ಲ.