ಸೂಟ್‌ಕೇಸ್ ಹೊರುತ್ತಿದ್ದ ನಟ

ನ್ಯೂಯಾರ್ಕಿನ ಹತ್ತಿರದ ಓಲ್ಡ್ ಬ್ರಿಡ್ಜ್ ಎಂಬ ಊರಿನಲ್ಲಿ ನಮ್ಮ ಕೆಳಗಿನ ಮನೆಯಲ್ಲಿದ್ದ ಅಮೆರಿಕನ್ ಮುದುಕರೊಬ್ಬರನ್ನು ನಾನು ನಂಬಿರಲಿಲ್ಲ. ಕಪ್ಪು-ಬಿಳುಪು ಟೀವಿಯ ಕಾಲದಲ್ಲಿ ಅವರು ಹೋಟೆಲಿನ ಆಳು, ರೈಲಿನ ಪ್ರಯಾಣಿಕ, ಇಂಥ ಸಣ್ಣ ಪಾತ್ರಗಳನ್ನೇ ಮಾಡಿದ್ದರಂತೆ. "ನನ್ನನ್ನ ಎಲ್ಲರೂ ನೋಡಿದ್ದಾರೆ, ಯಾರಿಗೂ ನೆನಪಿಲ್ಲ," ಎನ್ನುತ್ತ ಹೆಬ್ಬೆರಳಿನಿಂದ ಹುಬ್ಬು ತೀಡಿಕೊಳ್ಳುತ್ತಿದ್ದರು.

ಬ್ಯಾಂಕುಗಳು ಮುಳುಗುತ್ತಿದ್ದ ಆ ಚಳಿಗಾಲದಲ್ಲಿ, ಹೆಗಲಿಗೆ ಬ್ಯಾಗ್ ಹಾಕಿಕೊಂಡು ನ್ಯೂಯಾರ್ಕಿಗೆ ಕೆಲಸಕ್ಕೆ ಹೋಗಿಬರುತ್ತಿದ್ದ ನನ್ನ ಗಂಡನನ್ನು ಅವರು ದಿನಾ ಬೆಳಿಗ್ಗೆ ಕಿಟಕಿಯಿಂದ ದಿಟ್ಟಿಸತೊಡಗಿದರು.

"ಆ ಮುದುಕ ನಿಮ್ಮನ್ನ ಯಾಕೆ ಹಾಗೆ ನೋಡ್ತಾನೆ?"

"ಬಿಡೇ, ವಯಸ್ಸಾಗಿದೆ," ಎನ್ನುತ್ತಿದ್ದರು ಇವರು.

ಒಂದು ಬೆಳಿಗ್ಗೆ ಮುದುಕರು ಮೆಟ್ಟಿಲ ಬಳಿ ಇವರನ್ನು ತಡೆದು ನಿಲ್ಲಿಸಿದ್ದು ಕಂಡು, ಜಗಳಕ್ಕೆಂದೇ ಕೆಳಗಿಳಿದೆ. ಅವರು ಮೆಲ್ಲಗೆ ಹೇಳುತ್ತಿದ್ದರು:

"ಬ್ಯಾಗ್ ಖಾಲಿ ಇದೆ, ಮಗೂ. ಭಾರ ಇದ್ದ ಕಡೆ ಭುಜ ವಾಲುತ್ತೆ, ನಿನ್ನದು ವಾಲ್ತಾ ಇಲ್ಲ. ಖಾಲಿ ಸೂಟ್‌ಕೇಸ್ ಹೊತ್ತೇ ನಾನು ಹೊಟ್ಟೆ ಹೊರೆದವನು. ಕ್ಯಾಮೆರಾ ನಿಂತ ಮೇಲೆ ಕೆಳಗಿಡ್ತಿದ್ದೆ. ನೀನು ಯಾವಾಗ ಇಡ್ತೀಯ?"

ನನ್ನ ಗಂಡ ಮೆಟ್ಟಿಲ ಮೇಲೆ ಕುಳಿತರು. ನನ್ನ ಮುಖ ನೋಡದೆಯೇ, "ಲೇಆಫ್ ಆಗಿ ತಿಂಗಳಾಯ್ತು ಕಣೇ," ಎಂದರು.

"ಮತ್ತೆ ದಿನಾ ಎಲ್ಲಿಗೆ ಹೋಗ್ತಿದ್ರಿ?"

"ಲೈಬ್ರರಿಗೆ."

ನಾನು ಅವರ ಪಕ್ಕದಲ್ಲಿ ಕೂತೆ. ತಿರುಗಿ ನೋಡುವಷ್ಟರಲ್ಲಿ ಮುದುಕರು ಒಳಗೆ ಹೋಗಿ, ಸದ್ದಾಗದಂತೆ ಬಾಗಿಲು ಮುಚ್ಚಿಕೊಂಡಿದ್ದರು.