ಬಸ್ಸಿನಲ್ಲಿ ಹರಿಹರಕ್ಕೆ ಹೋದ ಕರು

ಚಿನ್ನಿ, ಪುಟ್ಟಾ,

ಮಾತಾಡುವುದಕ್ಕಿಂತ ಬರೆಯುವುದು ನನಗೆ ಸುಲಭ. ನಿಮ್ಮಜ್ಜ ಇರುವ ತನಕ ಮನೆಗೆ ಬಂದವರ ಜೊತೆ ಅವರೇ ಮಾತಾಡುತ್ತಿದ್ದರು. ನಾನು ಅಡುಗೆಮನೆ ಬಾಗಿಲ ಮರೆಯಲ್ಲಿ ನಿಂತು ಚಹದ ಲೋಟ ಮುಂದಕ್ಕೆ ನೀಡುತ್ತಿದ್ದೆ. ಅವರು ಹೋದ ಮೇಲೂ ಆ ಮರೆ ಬಿಟ್ಟು ಈಚೆ ಬರುವುದು ನನಗೆ ಆಗಲಿಲ್ಲ. ಅಂಥವಳು ಒಂದು ಭಾನುವಾರ ಚಿನ್ನಿಯ ಕೈ ಹಿಡಿದುಕೊಂಡು ಹರಿಹರಕ್ಕೆ ಹೋಗಿ, ಗುರುತಿಲ್ಲದವರ ಬಾಗಿಲಲ್ಲಿ ನಿಂತು ಮಾತಾಡಿದಳು ಎಂದರೆ ನಿಮ್ಮಪ್ಪ ಈಗಲೂ ನಗುತ್ತಾನೆ. ಅದು ಹೇಗಾಯಿತೆಂದು ಬರೆದಿಡುತ್ತಿದ್ದೇನೆ. ಚಿನ್ನಿಯ ವಿಷಯವೇ ಹೆಚ್ಚಾದ್ದರಿಂದ ‘ನೀನು’ ಅಂದಲ್ಲೆಲ್ಲ ಚಿನ್ನಿ ಅಂತ ತಿಳಿಯಿರಿ. ಪುಟ್ಟಾ, ನಿನ್ನನ್ನು ಹೆಸರು ಹಿಡಿದೇ ಕರೆಯುತ್ತೇನೆ, ಮುನಿಸಿಕೊಳ್ಳಬೇಡ.

ಆಗ ದಾವಣಗೆರೆಯ ಎಸ್.ಎಸ್. ಬಡಾವಣೆಯಲ್ಲಿ ನಮ್ಮ ಹಿಂದಿನ ಬೀದಿಯಲ್ಲೇ ನಿನ್ನ ಗೆಳತಿಯ ಮನೆ. ಅವಳ ಅಪ್ಪ ಗಾದಿ, ದಿಂಬು ಹೊಲಿಯುವವರು. ನಿನಗೆ ಇದ್ದವಳು ಅವಳೊಬ್ಬಳೇ ಗೆಳತಿ. ಶಾಲೆಯಲ್ಲಿ ಮೇಡಂ ಹೆಸರು ಕರೆದರೆ ‘ಎಸ್ ಮಿಸ್’ ಅನ್ನುವುದಕ್ಕೂ ನಿನಗೆ ಬಾಯಿ ಬರುತ್ತಿರಲಿಲ್ಲವಂತೆ, ಅವಳೇ ಪಕ್ಕದಿಂದ ‘ಬಂದಾಳೆ ಮಿಸ್’ ಅನ್ನುತ್ತಿದ್ದಳಂತೆ. ಆ ಗುಣ ನಿನಗೆ ಎಲ್ಲಿಂದ ಬಂತು ಎಂದು ಈ ಮನೆಯಲ್ಲಿ ಯಾರೂ ಕೇಳುವ ಹಾಗಿಲ್ಲ.

ನೀವಿಬ್ಬರೂ ಫೋನಿನಲ್ಲಿ ಒಂದು ಆಟ ಆಡುತ್ತಿದ್ದಿರಿ. ಅದರಲ್ಲಿ ನಿಮ್ಮಿಬ್ಬರಿಗೂ ಸೇರಿ ಒಂದು ದ್ವೀಪ. ಮೈಮೇಲಿನ ಬಟ್ಟೆ ಬಿಟ್ಟರೆ ಏನೂ ಇಲ್ಲದೆ ಅಲ್ಲಿ ಹೋಗಿ ಬೀಳಬೇಕು. ಸೌದೆ ಕಡಿಯಬೇಕು, ಬೆಂಕಿ ಹಚ್ಚಬೇಕು, ಕಾಡುಪ್ರಾಣಿಗಳಿಂದ ಜೀವ ಉಳಿಸಿಕೊಳ್ಳಬೇಕು. ಆಮೇಲೆ ಅದೇ ಪ್ರಾಣಿಗಳನ್ನು ಒಂದೊಂದಾಗಿ ಪಳಗಿಸಿ, ದೊಡ್ಡಿ ಕಟ್ಟಿ, ಮರಿ ಮಾಡಿಸಬೇಕು. ನೀವು ಫೋನು ಆರಿಸಿ ಮಲಗಿದರೂ ಅಲ್ಲಿ ಹೊತ್ತು ನಿಲ್ಲುವುದಿಲ್ಲ, ಮರಿಗಳಿಗೆ ಹಸಿವೂ ನಿಲ್ಲುವುದಿಲ್ಲ. ಇದನ್ನು ಕೇಳಿದ ಮೇಲೆ ನನಗೆ ಆ ಆಟದ ಮೇಲೆ ಸ್ವಲ್ಪ ಗೌರವ ಬಂತು. ನನ್ನ ತವರು ಕೊಕ್ಕನೂರಿನಲ್ಲಿ ಮನೆಮಂದಿ ಯಾರ ಮದುವೆಗೆ ಹೊರಟರೂ ಕೊಟ್ಟಿಗೆಗಾಗಿ ಒಬ್ಬರು ಹಿಂದೆ ಉಳಿಯಲೇಬೇಕಿತ್ತು.

ಗೆಳತಿಯ ಮನೆಯವರು ಹರಿಹರಕ್ಕೆ ಹೋಗಿ ನೆಲೆಸುವುದೆಂದಾಯಿತು. ಸಾಮಾನು ಕಟ್ಟುವ ಗಡಿಬಿಡಿಯಲ್ಲಿ ಅವಳು ತನ್ನ ಕರುವನ್ನು ನಿನಗೆ ಒಪ್ಪಿಸಿದಳು. ಅದು ಮೂರು ಕೋಡಿನ, ಬಿಳಿ ಮೈಯ ಪ್ರಾಣಿಯ ಮರಿ. ನೀವು ಮರಿ ಅನ್ನುತ್ತಿದ್ದಿರಿ, ನಾನು ಕೋಡು ಕಂಡ ಮೇಲೆ ಕರು ಎಂದೇ ಕರೆದೆ. ಕೈಯಾರೆ ಹಣ್ಣು ತಿನ್ನಿಸಿದರೆ ಮಾತ್ರ ಬದುಕುವ ವಯಸ್ಸು ಅದರದು. ನೀನು ಮಾವನ ಮಗಳ ಮದುವೆಗೆ ಹೋದೆ, ಫೋನು ನಿಮ್ಮಮ್ಮನ ಬ್ಯಾಗಿನಲ್ಲೇ ಉಳಿಯಿತು. ತಿರುಗಿ ಬಂದು ನೋಡಿದಾಗ ಕರು ದೊಡ್ಡಿಯಲ್ಲಿ ಅಡ್ಡ ಬಿದ್ದಿತ್ತು.

ಗೆಳತಿ ಜಗಳವಾಡಲಿಲ್ಲ. ದ್ವೀಪಕ್ಕೆ ಬರುವುದನ್ನೇ ಬಿಟ್ಟಳು. ಹರಿಹರಕ್ಕೆ ಹೊರಡುವ ದಿನ ನಮ್ಮ ಬೀದಿಗೂ ಬರಲಿಲ್ಲ.

“ಫೋನ್ ಮಾಡಿ ಸಾರಿ ಅನ್ನು, ಮುಗೀತು,” ಎಂದಳು ನಿಮ್ಮಮ್ಮ.

“ಬ್ಲಾಕ್ ಮಾಡ್ಯಾಳೆ.”

“ನನ್ನ ಫೋನಿಂದ ಮಾಡು.”

ನೀನು ಮಾಡಿದೆ. ಆ ಕಡೆಯಿಂದ ‘ಹಲೋ’ ಎಂದದ್ದು ನನಗೂ ಕೇಳಿಸಿತು. ನಿನ್ನ ತುಟಿ ಅಲ್ಲಾಡಿತು, ಮಾತು ಬರಲಿಲ್ಲ. ಅವಳು ಇಟ್ಟುಬಿಟ್ಟಳು. ನಿಮ್ಮಮ್ಮ ‘ಒಂದು ಗೇಮಿಗೆ ಇಷ್ಟೊಂದು ಯಾಕ’ ಎಂದು ಒಳಗೆ ಹೋದಳು. ಅವಳದೇನೂ ತಪ್ಪಿಲ್ಲ, ಅವಳು ಬಾಯಿ ತೆರೆದರೆ ಮಾತು ಬರುತ್ತದೆ. ಬಾಯಿ ತೆರೆದರೂ ಮಾತು ಬರದಿದ್ದರೆ ಹೇಗಿರುತ್ತದೆ ಎಂದು ಈ ಮನೆಯಲ್ಲಿ ನನಗೆ ಗೊತ್ತಿತ್ತು. ಆಮೇಲೆ ನೀನು ಶಾಲೆಯಿಂದ ಬಂದವಳೇ ಗೋಡೆ ಕಡೆ ತಿರುಗಿ ಮಲಗತೊಡಗಿದೆ. ಊಟಕ್ಕೆ ಕರೆದರೆ ಹಸಿವಿಲ್ಲ ಅನ್ನುತ್ತಿದ್ದೆ.

ಒಂದು ಸಂಜೆ ನಿನ್ನ ತಲೆಗೆ ಎಣ್ಣೆ ಹಚ್ಚುತ್ತಾ ನನ್ನಪ್ಪನ ವಿಷಯ ಹೇಳಿದೆ. ನಮ್ಮ ಕಡೆ ದನವನ್ನು ಪಾಲಿಗೆ ಸಾಕುವುದು ಅಂತ ಇತ್ತು. ದನ ಒಬ್ಬರದು, ಮೇಯಿಸುವವರು ಇನ್ನೊಬ್ಬರು, ಹುಟ್ಟಿದ ಕರುಗಳಲ್ಲಿ ಇಬ್ಬರಿಗೂ ಪಾಲು. ಹಾಗೆ ನಮ್ಮ ಕೊಟ್ಟಿಗೆಗೆ ಬಂದಿದ್ದ ಕಡಸೊಂದು, ಇನ್ನೂ ಈಯದ ಎಳೆ ಹಸು, ಹೊಟ್ಟೆಯುಬ್ಬರದಿಂದ ಸತ್ತಿತು. ಅಪ್ಪನಿಗೂ ಮಾತು ಬರುತ್ತಿರಲಿಲ್ಲ. ಮುಂದಿನ ಸಲ ನಮ್ಮ ಹಸು ಈದಾಗ ಆ ಕರುವನ್ನು ಚೆನ್ನಾಗಿ ಸಾಕಿ, ಅವರ ಮನೆಗೆ ಹೊಡೆದುಕೊಂಡು ಹೋಗಿ, ಅವರ ಗೂಟಕ್ಕೆ ಕಟ್ಟಿ ಸುಮ್ಮನೆ ನಿಂತ. ಆ ಮನೆಯ ಹೆಂಗಸು ಒಳಗಿಂದ ಒಂದು ಹಿಡಿ ಹಸಿ ಹುಲ್ಲು ತಂದು ಕರುವಿನ ಬಾಯಿಗೆ ಹಿಡಿದಳು. ಅವರ ಕೈಯ ಮೇವು ತಿಂದಿತು ಎಂದರೆ ಕರು ಅವರದಾಯಿತು, ಮಾತೂ ಮುಗಿಯಿತು.

ನೀನು ತಲೆ ಎತ್ತಿದೆ. “ಆಯಮ್ಮ ಹುಲ್ಲು ತರದಿದ್ರೆ?”

“ಕರು ವಾಪಸ್ ಹೊಡ್ಕಂಡು ಬರೋದು. ಅಷ್ಟೇ.”

ಮರುದಿನವೇ ನೀನು ಕೆಲಸಕ್ಕೆ ಇಳಿದೆ. ನಿನ್ನ ದೊಡ್ಡಿಯಲ್ಲಿ ಆ ಜಾತಿಯದೇ ಒಂದು ಗಂಡು, ಒಂದು ಹೆಣ್ಣು ಇದ್ದವು. ಅವನ್ನೇ ಜೋಡಿ ಮಾಡುತ್ತೇನೆ ಎಂದೆ. ಪುಟ್ಟಾ, ನೀನು ಬಾಯಿ ಹಾಕಿದ್ದು ಆಗಲೇ. “ಅವೆರಡೂ ಒಂದೇ ತಾಯೀವು, ಅಜ್ಜಿ,” ಎಂದೆ.

ಇಂಥದ್ದನ್ನು ಮೊಮ್ಮಕ್ಕಳ ಮುಂದೆ ಮಾತಾಡಲು ನನಗೆ ನಾಚಿಕೆ. ಆದರೂ ಸುಮ್ಮನಿರಲಾಗಲಿಲ್ಲ. “ಅಣ್ಣ ತಂಗೀನ ಜೋಡಿ ಮಾಡ್ತಾರೇನೆ? ಬ್ಯಾಡ.”

“ಗೇಮಲ್ಲಿ ನಡೀತೈತಜ್ಜಿ. ಎಲ್ರೂ ಹಂಗೇ ಮಾಡೋದು.”

“ನಮ್ಮನೇಲೇ ಇಟ್ಕಳ್ಳೋದಾದ್ರೆ ಹೆಂಗಾರ ಮಾಡ್ಕ. ಇನ್ನೊಬ್ರ ಮನೆಗೆ ಕೊಡೋ ಕರು ಅದು.”

ಚಿನ್ನಿ, ನೀನು ಹಣೆ ಹಣೆ ಚಚ್ಚಿಕೊಂಡೆ. ಆದರೆ ಕಾಡಿನಿಂದ ಬೇರೆ ಗಂಡು ಹುಡುಕಿ ಪಳಗಿಸಲು ಒಪ್ಪಿದೆ.

ಆ ಪಳಗಿಸುವ ಕೆಲಸವನ್ನು ನಾನು ಕನ್ನಡಕ ಹಾಕಿಕೊಂಡು ನಿನ್ನ ಹೆಗಲ ಹಿಂದೆ ಕೂತು ನೋಡಿದ್ದೇನೆ. ಹುಲ್ಲಿನಲ್ಲಿ ಬಗ್ಗಿ ಹೋಗಬೇಕು, ಹತ್ತಿರವಾದ ಹಾಗೆ ನಿಲ್ಲಬೇಕು, ಅದು ಬೇರೆ ಕಡೆ ತಿರುಗಿದಾಗ ಹಣ್ಣು ಚಾಚಬೇಕು. ಬೆದರಿದರೆ ಎಲ್ಲ ಮೊದಲಿಂದ. ಪುಟ್ಟಾ, ನೀನು ಹೋದಾಗಲೆಲ್ಲ ಅದು ಗುಮ್ಮಲು ಬರುತ್ತಿತ್ತು. ನೀನು ಕಿರುಚಿಕೊಂಡು ಓಡುತ್ತಿದ್ದೆ, ಫೋನಿನಲ್ಲೂ ಓಡುತ್ತಿದ್ದೆ, ಹಜಾರದಲ್ಲೂ ಓಡುತ್ತಿದ್ದೆ. ಚಿನ್ನಿ, ನಿನ್ನಿಂದ ಮಾತ್ರ ಅದು ಹಣ್ಣು ತೆಗೆದುಕೊಂಡಿತು. ಸದ್ದಿಲ್ಲದೆ ಇರುವುದಕ್ಕೆ, ಇನ್ನೊಬ್ಬರ ಹೆದರಿಕೆ ಇಳಿಯುವ ತನಕ ಕಾಯುವುದಕ್ಕೆ ನಿನಗೆ ಯಾರೂ ಕಲಿಸಬೇಕಾಗಿರಲಿಲ್ಲ. ನಿನ್ನನ್ನು ‘ಬಾಯಿಲ್ಲದವಳು’ ಅನ್ನುತ್ತಿದ್ದವರನ್ನೆಲ್ಲ ಕರೆದು ತೋರಿಸಬೇಕು ಅನ್ನಿಸಿತ್ತು. ಕರೆಯಲಿಲ್ಲ ಬಿಡು. ಕರೆಯುವುದಕ್ಕೆ ನನಗೂ ಬಾಯಿಲ್ಲವಲ್ಲ.

ಆಮೇಲೆ ಆ ಕೋಡಿನ ಪ್ರಾಣಿ ಮೊಟ್ಟೆ ಇಟ್ಟಿತು. ನಾನು ಬಹಳ ಹೊತ್ತು ನಂಬಲಿಲ್ಲ. ನೀನು ಮೊಟ್ಟೆಯ ಸುತ್ತ ಪಂಜು ನೆಟ್ಟು ಕಾವು ಕೊಟ್ಟೆ. ಕರು ಹೊರಗೆ ಬಂದಾಗ ಅದರ ಮೈ ಬಿಳಿಯಲ್ಲ, ಕೆಮ್ಮಣ್ಣಿನ ಬಣ್ಣ. ನಿನ್ನ ಮುಖ ಇಳಿಯಿತು. “ಬಿಳೀದು ಬರಲಿಲ್ಲ.” ಸತ್ತದ್ದು ಹಾಗೆಯೇ ತಿರುಗಿ ಬರುವುದಿಲ್ಲ ಎಂದು ನಾನು ಹೇಳಬೇಕಾಗಲಿಲ್ಲ, ನೀನೇ ಎದ್ದು ಹಣ್ಣು ತಂದೆ. ನೀನು ಶಾಲೆಗೆ ಹೋದಾಗ ತಿನ್ನಿಸುವ ಕೆಲಸ ನನಗೆ ಬಂತು. ಅದನ್ನು ತಾಯಿಯ ಹತ್ತಿರ ಬಿಟ್ಟರೆ ಹಾಲು ಕುಡಿಯುತ್ತದೆ ಎಂದು ನಾನು ಒಂದು ದಿನ ಬಿಟ್ಟು ನೋಡಿದೆ. ತಾಯಿ ಮೂಸಲೂ ಇಲ್ಲ. ಈ ಆಟ ಮಾಡಿದವರು ಕೊಟ್ಟಿಗೆ ನೋಡಿಲ್ಲ ಅಂದುಕೊಂಡು ಮತ್ತೆ ಹಣ್ಣು ಹಿಡಿದೆ. ಗುಂಡಿ ಒತ್ತಿದರೆ ಅದು ನನ್ನ ಕಡೆ ತಲೆ ಎತ್ತುತ್ತಿತ್ತು. ನಿಮ್ಮಜ್ಜ ಹೋದ ಮೇಲೆ ಮಧ್ಯಾಹ್ನಗಳು ಬಹಳ ಉದ್ದವಾಗಿದ್ದವು. ಆ ದಿನಗಳಲ್ಲಿ ಅಷ್ಟು ಉದ್ದ ಅನ್ನಿಸಲಿಲ್ಲ.

ಭಾನುವಾರ ಹೊರಟೆವು. ಕರು ಇನ್ನೂ ಕೈಯಿಂದಲೇ ತಿನ್ನುವ ಹಂತದಲ್ಲಿತ್ತು. ಪೂರ್ತಿ ಬೆಳೆಯುವ ಮೊದಲು ಕೊಟ್ಟರೆ ಅವಳ ಕೈಗೆ ಹೊಂದಿಕೊಳ್ಳುತ್ತದೆ ಎಂದು ನಾನೇ ಹೇಳಿದ್ದೆ. ಇನ್ನೊಂದು ಮಾತನ್ನೂ ಹೇಳಿದ್ದೆ: ಬೆಳಿಗ್ಗೆ ಏನೂ ತಿನ್ನಿಸಬೇಡ. ನನ್ನಪ್ಪ ಹಾಗೆಯೇ ಮಾಡಿದ್ದ. ಹೊಟ್ಟೆ ತುಂಬಿದ ಕರು ಹೊಸ ಮನೆಯ ಹುಲ್ಲಿಗೆ ಬಾಯಿ ಹಾಕುವುದಿಲ್ಲ. ನೀನು ನನ್ನ ಮಾತು ನಂಬಿದೆ.

ಬಸ್ಸು ದಾರಿಯಲ್ಲಿ ಬಾತಿ ಊರು ದಾಟುವ ಹೊತ್ತಿಗೆ ನೀನು ಫೋನು ನೋಡಿ ಬಿಳುಚಿಕೊಂಡೆ.

“ಅಜ್ಜಿ, ಹಸಿವಿನ ಗೆರೆ ಅರ್ಧಕ್ಕಿಂತ ಕೆಳಗೆ ಬಂದೈತೆ.”

“ಒಂದು ಹೊತ್ತಿಗೆ ಏನಾಗಲ್ಲ ಕಣೆ. ಕರು ತಡ್ಕಳ್ತಾವೆ.”

“ಇದು ನಿಮ್ಮೂರ ಕರು ಅಲ್ಲಜ್ಜಿ.”

ಸರಿ, ತಿನ್ನಿಸಿಬಿಡು ಎಂದೆ. ನೆಟ್‌ವರ್ಕ್ ಇರಲಿಲ್ಲ. ನೀನು ಫೋನನ್ನು ಕಿಟಕಿಯಾಚೆ ಹಿಡಿದೆ, ಮೇಲೆತ್ತಿದೆ. ಮುಂದಿನ ಸೀಟಿನಾತ ತಿರುಗಿ, “ಏನಮ್ಮ, ಯಾರಿಗಾದ್ರೂ ಹುಷಾರಿಲ್ವಾ?” ಎಂದ. ಕರುವಿಗೆ ಎಂದು ನಾನು ಹೇಳಿದೆ. “ಯಾವೂರಲ್ಲೈತೆ?” ಎಂದ. ನಾನು ಫೋನಿನ ಕಡೆ ನೋಡಿದೆ. ಅವನು ಮುಂದಕ್ಕೆ ತಿರುಗಿ ಕೂತ.

ಹರಿಹರದಲ್ಲಿ ಅವರ ಮನೆ ಸಿಗುವಷ್ಟರಲ್ಲಿ ನೆಟ್‌ವರ್ಕ್ ಬಂದಿತ್ತು, ಗೆರೆ ಕೆಂಪಾಗಿತ್ತು. ಬಾಗಿಲಲ್ಲಿ ಅವಳ ನಾನಿ, ಅಮ್ಮನ ಅಮ್ಮ, ಕೂತು ದಿಂಬಿಗೆ ಹತ್ತಿ ತುಂಬುತ್ತಿದ್ದರು.

“ಬರ್ರಿ ಅಕ್ಕಾ, ಕೂಡ್ರಿ. ದಾವಣಗೆರೆಯೋರಾ? ಏ ಬೇಟಿ, ನಿನ್ನ ದೋಸ್ತಿ ಬಂದಾಳೆ ನೋಡು.”

ಒಳಬಾಗಿಲ ಪರದೆ ಅಲ್ಲಾಡಿತು, ಅಷ್ಟೇ. ನೀನು ಫೋನು ಹಿಡಿದು ಕಂಬದ ಹಾಗೆ ನಿಂತೆ. ನಿನ್ನ ಹೆಬ್ಬೆರಳು ಹಣ್ಣಿನ ಗುರುತಿನ ಮೇಲೆ ಹೋಯಿತು. ಒಂದು ಸಲ ಒತ್ತಿದ್ದರೆ ಕರು ಉಳಿಯುತ್ತಿತ್ತು, ನಾವು ಅದನ್ನು ದಾವಣಗೆರೆಗೆ ವಾಪಸ್ ಹೊಡೆದುಕೊಂಡು ಬರುತ್ತಿದ್ದೆವು. ನಾನು ನಿನ್ನ ಕೈ ಮೇಲೆ ಕೈ ಇಟ್ಟೆ. ಆ ಕ್ಷಣ ಅದು ಸರಿಯೋ ತಪ್ಪೋ ನನಗೇ ಗೊತ್ತಿರಲಿಲ್ಲ. ಪರದೆಯ ಕಡೆ ತಿರುಗಿ, ಅಪ್ಪನಿಗೂ ಬರದಿದ್ದ ಮಾತನ್ನು ನಾನು ಆಡಿದೆ.

“ಮಗಾ, ನಿನಗೆ ಅಂತ ಕರು ತಂದೀವಿ. ಬೆಳಿಗ್ಗಿಂದ ಹಸ್ತೈತೆ. ನಿನ್ನ ಕೈಯಾಗೆ ತಿನ್ಲಿ ಅಂತ ನಾವು ತಿನ್ಸಿಲ್ಲ.”

ನಾನಿ ಕೈಯಲ್ಲಿದ್ದ ಹತ್ತಿ ಬಿಟ್ಟು ಅತ್ತಿತ್ತ ನೋಡಿದರು. “ಕರು ಎಲ್ಲೈತಕ್ಕಾ? ಬೀದೀಲಿ ಬಿಟ್ರಾ?”

ಪರದೆ ಸರಿಯಿತು. ನಿನ್ನ ಗೆಳತಿ ಹೊರಗೆ ಬಂದು, ನಿನ್ನ ಮುಖ ನೋಡದೆ ಫೋನು ನೋಡಿದಳು.

“ಎಷ್ಟೈತೆ?”

“ಕೆಂಪು.”

“ಹೆಸರು ತೆಗಿ ಬೇಗ.”

ಆ ಆಟದಲ್ಲಿ ಕರುವಿನ ಮೇಲೆ ಯಾರ ಹೆಸರಿದೆಯೋ ಕರು ಅವರದು. ನೀನು ಅದರ ಮೇಲಿದ್ದ ನಿನ್ನ ಹೆಸರು ತೆಗೆದೆ. ಅವಳು ಒಳಗೆ ಓಡಿ ತನ್ನ ಫೋನು ತಂದು, ಅಷ್ಟು ದಿನ ಕಾಲಿಡದ ದ್ವೀಪಕ್ಕೆ ಇಳಿದು, ಕರುವಿನ ಮೇಲೆ ತನ್ನ ಹೆಸರು ಹಾಕಿಕೊಂಡಳು. ನಾವೆಲ್ಲ ಉಸಿರು ಹಿಡಿದು ನಿಂತಿದ್ದೆವು, ಏನೆಂದು ತಿಳಿಯದ ನಾನಿ ಕೂಡ. ಕರು ಹಣ್ಣು ತಿಂದಿತು. ಇನ್ನೊಂದು ತಿಂದಿತು. ಗೆರೆ ಏರಿತು.

ಆಮೇಲೆ ಅವಳು ನಿನ್ನ ಮೇಲೆ ಎರಗಿದಳು. “ಇದನ್ನೂ ಸಾಯಿಸ್ತಿದ್ದೆಲ್ಲೇ. ತಿನ್ಸಾಕೆ ಏನಾಗಿತ್ತು ನಿಂಗೆ?”

“ನಾನಲ್ಲ. ಅಜ್ಜಿ ಬ್ಯಾಡ ಅಂದ್ರು.”

ಅವಳು ನನ್ನ ಕಡೆ ತಿರುಗಿದಳು. “ಏನಜ್ಜಿ ನೀವು? ಗೇಮಿನ ಮರಿಗೆ ಯಾರಾದ್ರೂ ಉಪವಾಸ ಹಾಕ್ತಾರಾ?”

“ಹಂಗನ್ನು,” ಎಂದೆ ನೀನು. “ನಾನು ಬಸ್ಸಲ್ಲಿ ಎಷ್ಟು ಹೇಳಿದೆ ಗೊತ್ತಾ? ತಾಯಿ ಹಾಲು ಕುಡಿಸ್ತೈತೆ ಅಂತಾನೂ ಬಿಟ್ಟಿದ್ರು.”

“ಯಾ ಅಲ್ಲಾ. ಮೊಟ್ಟೆ ಇಡೋದು ಹಾಲು ಕುಡಿಸ್ತೈತಾ?”

ನಾನಿ ಸೆರಗಿನಿಂದ ಬಾಯಿ ಮುಚ್ಚಿಕೊಂಡು ನಕ್ಕರು. “ಇಬ್ರೂ ಒಂದಾಗಿ ನಿಮಗೇ ಬೈಯಾಕ ಹತ್ತಿದ್ರು ನೋಡ್ರಿ ಅಕ್ಕಾ. ಬರ್ರಿ, ಚಾ ಕುಡೀರಿ.”

ಬೈಸಿಕೊಂಡು ಅಷ್ಟು ಖುಷಿಯಾಗಿದ್ದು ನನಗೆ ಅದೇ ಮೊದಲು. ಅಂದು ನಾನು ಬಾಗಿಲ ಮರೆಗೆ ನಿಲ್ಲಲಿಲ್ಲ. ನಾನಿಯ ಎದುರಿಗೆ ಕೂತು, ಹತ್ತಿ ಬಿಡಿಸುತ್ತಾ, ಕಡಸು ಸತ್ತದ್ದು, ಅಪ್ಪ ಕರು ಕಟ್ಟಿ ನಿಂತದ್ದು ಎಲ್ಲ ಹೇಳಿದೆ. ನೀವಿಬ್ಬರೂ ಒಳಕೋಣೆಯಲ್ಲಿ ಒಂದೇ ದಿಂಬಿಗೆ ತಲೆ ಕೊಟ್ಟು ಮಲಗಿ, ಕರುವಿಗೆ ಇಡುವ ಹೆಸರಿನ ಮೇಲೆ ಜಗಳವಾಡುತ್ತಿದ್ದಿರಿ. ‘ಬಿಳೀದು ಇನ್ನೂ ಚೆಂದ ಇತ್ತು’ ಎಂದು ಅವಳು ಅಂದದ್ದೂ ಕೇಳಿಸಿತು. ನೀನು ‘ಹೂಂ’ ಎಂದೆ. ಆ ಮಾತು ನಿನಗೆ ಚುಚ್ಚಿದ್ದೀತು. ಆದರೆ ನೀನು ಎದ್ದು ಬರಲಿಲ್ಲ.

ಆ ದ್ವೀಪದ ಕಡೆ ಈಗ ನೀವು ಯಾರೂ ಹೋಗುವುದಿಲ್ಲ, ಬೇರೆ ಆಟ ಬಂದಿದೆ. ಕೆಂಪು ಕರು ಬೆಳೆದು ದೊಡ್ಡದಾಗಿ, ತಾನೇ ಮೇಯುವ ವಯಸ್ಸಿಗೆ ಬಂದ ಮೇಲೆ ನೀವು ಬಿಟ್ಟದ್ದು ಅಂತ ಪುಟ್ಟ ಹೇಳಿದ ಮೇಲೆ ನನಗೆ ಸಮಾಧಾನ.

ಈ ಹಾಳೆಗಳನ್ನು ನಿಮ್ಮಜ್ಜನ ಕೋಟು ಇರುವ ಟ್ರಂಕಿನಲ್ಲಿ, ನುಸಿಗುಳಿಗೆಯ ಪಕ್ಕ ಇಡಿ. ಪುಟ್ಟಾ, ಫೋಟೊ ತೆಗೆದುಕೊಂಡಿದ್ದೀನಿ ಅಂತ ಕಾಗದ ಎಸೆಯಬೇಡ. ಚಿನ್ನಿ, ಹರಿಹರದವಳು ಓದಬೇಕೆಂದರೆ ಕೊಡು, ಅವಳಿಗೂ ಇದರಲ್ಲಿ ಪಾಲಿದೆ. ಓದಿದ ಮೇಲೆ ಮಾತ್ರ ಮರೆಯದೆ ತಂದು ಅಲ್ಲೇ ಇಡಬೇಕು.