ಬುಟ್ಟಿಯೊಳಗಿನ ನಾಲ್ಕು ಸಡಿಲ ಕಟ್ಟು

ನನ್ನ ತಂಗಿ ಗಣಿತದ ಟೀಚರ್ ಆಗಿದ್ದವಳು. ಅವಳ ಹತ್ತಿರ ಕಲಿತವರು ದಾರಿಯಲ್ಲಿ ಸಿಕ್ಕಿ ‘ನೀವು ಟೀಚರ ಅಕ್ಕ ಅಲ್ವಾ?’ ಎಂದು ಕೇಳಿದಾಗ ನನಗೆ ಎದೆ ತುಂಬಿ ಬರುತ್ತದೆ. ಆದರೆ ಅವಳ ಶಾಲೆ ಒಂಬತ್ತನೆಯ ಕ್ಲಾಸಿಗೇ ನಿಂತುಹೋಗುವುದರಲ್ಲಿತ್ತು. ಅದಕ್ಕೆ ಕಾರಣ ನಾನು. ಇದನ್ನು ಈವರೆಗೆ ಹೊರಗಿನ ಯಾರಿಗೂ ಹೇಳಿಲ್ಲ.

ಅರವತ್ತರ ದಶಕದ ಮೊದಲ ವರ್ಷಗಳು. ನಾವು ಕುಲಶೇಖರದಲ್ಲಿದ್ದೆವು. ಅಮ್ಮ ಬೀಡಿ ಕಟ್ಟುತ್ತಿದ್ದಳು. ಮೂರನೆಯ ಕ್ಲಾಸಿಗೆ ಶಾಲೆ ಬಿಟ್ಟ ನಾನೂ ಅವಳ ಪಕ್ಕದಲ್ಲಿ ಮೊರ ಹಿಡಿದು ಕೂತಿದ್ದೆ. ದಿನಕ್ಕೆ ಸಾವಿರ ಬೀಡಿ, ಇಪ್ಪತ್ತೈದರಂತೆ ನಲವತ್ತು ಕಟ್ಟು. ಅದರಲ್ಲಿ ತಂಗಿಯದು ಎರಡೇ ಕಟ್ಟು. ಸಂಜೆ ಶಾಲೆಯಿಂದ ಬಂದು, ಪಕ್ಕದಲ್ಲಿ ಪುಸ್ತಕ ತೆರೆದಿಟ್ಟುಕೊಂಡೇ ಕಟ್ಟುತ್ತಿದ್ದಳು.

ಮರುದಿನ ಬುಟ್ಟಿಯನ್ನು ಬೀಡಿ ಕಂಪನಿಯ ಬ್ರಾಂಚಿಗೆ ಒಯ್ಯಬೇಕು. ಅಲ್ಲಿಯ ಚೆಕ್ಕರ್ ಬುಟ್ಟಿಗೆ ಕೈ ಹಾಕಿ, ನೋಡದೆ ಒಂದು ಕಟ್ಟು ಎಳೆದು, ಒತ್ತಿ ನೋಡಿ ತೊಡೆಯ ಪಕ್ಕ ಇಡುತ್ತಿದ್ದ. ಆಮೇಲೆ ಇನ್ನೊಂದು. ಎರಡರಲ್ಲಿ ಒಂದು ಸಡಿಲ ಇದ್ದರೂ ಬುಟ್ಟಿ ಇಡೀ ವಾಪಸು.

“ಎಂತ ಮಾರಾಯ್ತಿ ಇದು? ಬೀಡಿಯಾ, ಪೀಪಿಯಾ? ಊದಿದರೆ ಸ್ವರ ಬರ್ತದೆ!” ಎಂದು ಅವನು ಅಂದರೆ ಸಾಲಿನಲ್ಲಿದ್ದ ಹೆಂಗಸರೆಲ್ಲ ನಗುತ್ತಿದ್ದರು.

ಆ ಸಡಿಲ ಕಟ್ಟುಗಳು ನನ್ನವು. ಪಕ್ಕದ ಮನೆಯಲ್ಲಿ ರೇಡಿಯೋ ಬಂದಿತ್ತು. ಬೇಗ ಮುಗಿಸಿ ಅವರ ಜಗಲಿಗೆ ಓಡುವ ಆಸೆಯಿಂದ ಕೊನೆಯ ನಾಲ್ಕು ಕಟ್ಟಿಗೆ ಹೊಗೆಸೊಪ್ಪು ಕಡಿಮೆ ತುಂಬಿ ಸುರುಳಿ ಸುತ್ತುತ್ತಿದ್ದೆ. ಉಳಿದ ಪುಡಿಯನ್ನು ಮರುದಿನದ್ದಕ್ಕೆ ಸೇರಿಸಿಬಿಡುತ್ತಿದ್ದೆ. ಅವನ್ನು ಬುಟ್ಟಿಯ ಅಡಿಯಲ್ಲಿಟ್ಟರೆ ಅವನ ಕೈಗೆ ಸಿಗುವುದಿಲ್ಲ ಅಂದುಕೊಂಡಿದ್ದೆ. ಆದರೆ ಅವನು ತೆಗೆಯುವ ಮೊದಲು ಬುಟ್ಟಿಯನ್ನು ಚೆನ್ನಾಗಿ ಕುಲುಕುತ್ತಿದ್ದ.

ಬುಟ್ಟಿ ವಾಪಸು ಬಂದಾಗಲೆಲ್ಲ ಅಮ್ಮನ ಕಣ್ಣು ಹೋಗುತ್ತಿದ್ದದ್ದು ತಂಗಿಯ ಪುಸ್ತಕದ ಮೇಲೆ. ಒಂದು ದಿನ ಹೇಳಿಯೇಬಿಟ್ಟಳು: “ಕೈ ಒಂದು ಕಡೆ, ಮನಸ್ಸು ಒಂದು ಕಡೆ. ಸಾಕು ನಿನ್ನ ಶಾಲೆ. ಬರುವ ತಿಂಗಳಿಂದ ಅಕ್ಕನ ಹಾಗೆ ಮನೆಯಲ್ಲಿ ಕೂತು ಕಟ್ಟು.”

ನಾನು ಬಾಯಿ ಬಿಡಲಿಲ್ಲ. ನಿಜ ಹೇಳುತ್ತೇನೆ, ನನ್ನ ಹಾಗೆ ಅವಳೂ ಕೂರಲಿ ಎಂಬ ಸಣ್ಣ ಆಸೆಯೂ ಒಳಗಿತ್ತು.

ತಂಗಿ ಅಳಲಿಲ್ಲ. ಗೋಡೆಯ ಕ್ಯಾಲೆಂಡರನ್ನು ಇಳಿಸಿ ತಂದಳು. ಬುಟ್ಟಿ ವಾಪಸಾದ ದಿನಗಳಿಗೆ ಪೆನ್ಸಿಲಿನಲ್ಲಿ ಗುರುತು ಹಾಕಿದ್ದಳು. ಮೂರು ತಿಂಗಳಲ್ಲಿ ಐದು, ನಾಲ್ಕು, ಆರು. ಭಾನುವಾರ ಬಿಟ್ಟರೆ ತಿಂಗಳಿಗೆ ಇಪ್ಪತ್ತಾರು ಬುಟ್ಟಿ. ಆಮೇಲೆ ನಲವತ್ತು ಹುಣಸೆ ಬೀಜ ಎಣಿಸಿ, ಎರಡನ್ನು ಕಲ್ಲಿಗೆ ಉಜ್ಜಿ ಬಿಳಿ ಮಾಡಿ ಡಬ್ಬಿಗೆ ಹಾಕಿದಳು.

“ಅಮ್ಮ, ನನ್ನ ಎರಡೂ ಕಟ್ಟು ದಿನಾ ಹಾಳು ಅಂತಲೇ ಇಟ್ಕೊಳ್ಳಿ. ಈಗ ನೀವೇ ಚೆಕ್ಕರ್. ನೋಡದೆ ಎರಡು ತೆಗೀರಿ.”

“ನಾನು ಅವನ ಹಾಗೆ ಬೈಯಬೇಕಾ?”

“ಬೈಯುವುದು ಮತ್ತೆ. ತೆಗೀರಿ.”

ಅಮ್ಮ ತೆಗೆದಳು. “ಮೊದಲನೆಯದನ್ನು ಡಬ್ಬಿಗೆ ವಾಪಸು ಹಾಕಲಿಕ್ಕಿಲ್ಲವಾ?” ಎಂದು ನಾನು ಕೇಳಿದೆ.

“ಅವನು ಹಾಕ್ತಾನಾ ಅಕ್ಕ? ಪಕ್ಕಕ್ಕೆ ಇಡ್ತಾನೆ. ಎರಡನೆಯ ಸಲಕ್ಕೆ ಬುಟ್ಟಿಯಲ್ಲಿ ಮೂವತ್ತೊಂಬತ್ತೇ ಉಂಟು.”

ಎರಡು ನೋಡಿದ ಮೇಲೆ ಎರಡನ್ನೂ ಡಬ್ಬಿಗೆ ಸುರಿದು ಕುಲುಕಿ ಮತ್ತೊಂದು ದಿನ. ಹೀಗೆ ಇಪ್ಪತ್ತಾರು ಸಲ. ಬಿಳಿ ಬೀಜ ಬಂದದ್ದು ಎರಡು ಸಲ. ಆಮೇಲೆ ಇನ್ನೆರಡನ್ನು ಉಜ್ಜಿ, ನಾಲ್ಕು ಬಿಳಿ ಬೀಜ ಮಾಡಿ ಮತ್ತೆ ಇಪ್ಪತ್ತಾರು ಸಲ ತೆಗೆಸಿದಳು. ಆಗ ಆರು ಸಲ ಬಂತು.

ಪುಸ್ತಕದ ಹಿಂದಿನ ಹಾಳೆಯಲ್ಲಿ ಅವಳು ಮೊದಲೇ ಲೆಕ್ಕ ಮಾಡಿಟ್ಟಿದ್ದಳು. ನಾಲ್ಕು ಹಾಳಾದರೆ, ಮೊದಲ ಕಟ್ಟು ಒಳ್ಳೆಯದು ಸಿಗುವುದು ನಲವತ್ತರಲ್ಲಿ ಮೂವತ್ತಾರು ಪಾಲು. ಅದನ್ನು ಪಕ್ಕಕ್ಕಿಟ್ಟ ಮೇಲೆ ಎರಡನೆಯದು ಮೂವತ್ತೊಂಬತ್ತರಲ್ಲಿ ಮೂವತ್ತೈದು ಪಾಲು. ಗುಣಿಸಿದರೆ ಇಪ್ಪತ್ತಾರರಲ್ಲಿ ಇಪ್ಪತ್ತೊಂದು. ಅಂದರೆ ತಿಂಗಳಿಗೆ ಸುಮಾರು ಐದು ಬುಟ್ಟಿ ವಾಪಸು. ಎರಡೇ ಹಾಳಾದರೆ ಎರಡೋ ಮೂರೋ.

“ಒಂದು ತಿಂಗಳು ಗ್ರಹಚಾರ ಅನ್ನಬಹುದು. ಮೂರು ತಿಂಗಳೂ ಹಾಗೆಯೇ ಉಂಟಲ್ಲ ಅಮ್ಮ. ಹಾಳಾದದ್ದು ನಾಲ್ಕು ಕಟ್ಟು ಇರಬೇಕು. ನಾನು ಕಟ್ಟುವುದೇ ಎರಡು.”

ಶಾಲೆಯಲ್ಲಿ ಅದನ್ನು ಅವಳಿಗೆ ಯಾರೂ ಹೇಳಿಕೊಟ್ಟಿರಲಿಲ್ಲ. ನನ್ನ ತಪ್ಪನ್ನೇ ಅಷ್ಟು ಚಂದ ಅಳೆದ ಹುಡುಗಿಯನ್ನು ನೋಡಿ, ಹೆದರಿಕೆಯ ನಡುವೆಯೂ ಹೆಮ್ಮೆಯಾಯಿತು.

ಅಮ್ಮ ಬಿಳಿ ಬೀಜಗಳನ್ನು ಅಂಗೈಯಲ್ಲಿಟ್ಟುಕೊಂಡು ಕೇಳಿದಳು: “ಹಾಗಾದರೆ ಉಳಿದದ್ದು ಯಾರದು? ನನ್ನದಾ?”

“ಯಾರದು ಅಂತ ಲೆಕ್ಕ ಹೇಳುವುದಿಲ್ಲ. ನನ್ನದು ಮಾತ್ರ ಅಲ್ಲ ಅಂತ ಹೇಳ್ತದೆ, ಅಷ್ಟೇ.”

ಆಗ ನಾನು ಹೇಳಬೇಕಿತ್ತು. ಹೇಳಲಿಲ್ಲ. ಅಮ್ಮ ತನ್ನ ಬೆರಳುಗಳನ್ನು ತಿರುಗಿಸಿ ನೋಡಿಕೊಂಡು, “ಕಣ್ಣು ಮಂಜಾಗಿರಬೇಕು. ನೀನು ಶಾಲೆಗೆ ಹೋಗು ಮಗಾ,” ಅಂದಳು. ಮರುದಿನದಿಂದ ಬಾಗಿಲ ಬೆಳಕಿಗೆ ಸರಿದು ಕೂತು, ಒಂದೊಂದು ಬೀಡಿಯನ್ನೂ ಒತ್ತಿ ನೋಡತೊಡಗಿದಳು. ನಾನೂ ಸರಿಯಾಗಿ ತುಂಬತೊಡಗಿದೆ. ಬುಟ್ಟಿ ವಾಪಸು ಬರುವುದು ನಿಂತಿತು. ಅಮ್ಮ ಅದನ್ನು ತನ್ನ ಎಚ್ಚರಿಕೆಯ ಫಲ ಎಂದೇ ಕೊನೆಯವರೆಗೂ ನಂಬಿದ್ದಳು.

ಅಮ್ಮ ಹೋದ ಮೇಲೆ ಒಮ್ಮೆ ತಂಗಿಯನ್ನು ಕೇಳಿದೆ: “ನನ್ನದು ಅಂತ ನಿನಗೆ ಅವತ್ತು ಗೊತ್ತಿತ್ತಾ?”

“ಗೊತ್ತಿಲ್ಲದೆ ಎಂತ? ಲೆಕ್ಕ ಮಾಡುವ ಮೊದಲೇ ನಿನ್ನ ಕಟ್ಟು ಒತ್ತಿ ನೋಡಿದ್ದೆ.”

“ಮತ್ತೆ ಯಾಕೆ ಹೇಳಲಿಲ್ಲ?”

“ನನಗೆ ಶಾಲೆ ಉಳಿಯಬೇಕಿತ್ತು, ಉಳಿಯಿತು. ನಿನಗೆ ಪೆಟ್ಟು ತಿನ್ನಿಸಿ ಎಂತ ಸಿಗ್ತಿತ್ತು ಅಕ್ಕ?” ಎಂದು ಹೇಳಿ ಮಕ್ಕಳ ಉತ್ತರ ಪತ್ರಿಕೆ ತಿದ್ದಲು ಕೂತಳು.